ಗಂಗುಲಪ್ಪ ಮೇಷ್ಟ್ರ ಮೂವರು ಹುಡುಗರು

ಗಂಗುಲಪ್ಪನ ಬಾಯಿ ಒಡೆದದ್ದು ಮೂವತ್ತನಾಲ್ಕನೆಯ ಇಸವಿಯ ವೈಶಾಖದಲ್ಲಿ, ಮುಳಬಾಗಿಲಿನ ಒಂದು ಮದುವೆಗೆ ಓಲಗ ಊದಿ ಊರಿಗೆ ವಾಪಸಾಗುವಾಗ. ಹಿಂದಿನಿಂದ ಬಂದ ಬಸ್ಸು ಹಾರನ್ ಬಾರಿಸಿತು. ಎತ್ತುಗಳು ಬೆದರಿ ಗಾಡಿ ಹಳ್ಳಕ್ಕೆ ಮಗುಚಿತು. ಜೊತೆಗಿದ್ದ ಡೋಲಿನವನು ಮೊಣಕೈ ತರಚಿಕೊಂಡು ಎದ್ದ. ಗಂಗುಲಪ್ಪ ಮಾತ್ರ ತೊಡೆಯ ಮೇಲಿದ್ದ ನಾಗಸ್ವರ ಮುರಿದೀತೆಂದು ಅದನ್ನು ಎರಡೂ ಕೈಯಲ್ಲಿ ಮೇಲೆತ್ತಿ ಹಿಡಿದಿದ್ದ. ನೆಲಕ್ಕೆ ಊರುವುದಕ್ಕೆ ಕೈ ಇರಲಿಲ್ಲ. ಮುಖ ನೇರವಾಗಿ ಚಕ್ರದ ಕಬ್ಬಿಣದ ಪಟ್ಟಿಗೆ ಬಡಿಯಿತು. ಮುಂದಿನ ನಾಲ್ಕು ಹಲ್ಲು ಉದುರಿದವು, ಮೇಲ್ತುಟಿ ಮೂಗಿನವರೆಗೆ ಸೀಳಿತು. ನಾಗಸ್ವರಕ್ಕೆ ಒಂದು ಗೀರೂ ಬೀಳಲಿಲ್ಲ.

ಆಗ ಅವನಿಗೆ ನಲವತ್ತಾರು ವರ್ಷ. ರಾಯಲ್ಪಾಡಿನ ಕಡೆಯಿಂದ ಶ್ರೀನಿವಾಸಪುರದವರೆಗೆ ಗಂಗುಲಪ್ಪನ ಓಲಗವಿಲ್ಲದೆ ದೊಡ್ಡ ಮನೆಗಳಲ್ಲಿ ತಾಳಿ ಕಟ್ಟುತ್ತಿರಲಿಲ್ಲ. ಮುಳಬಾಗಿಲಿನ ಡಾಕ್ಟರು ತುಟಿ ಹೊಲಿದು ಕಳಿಸಿದರು. ಗಾಯ ಮಾಗಿತು, ತುಟಿ ಮಾತ್ರ ಒಂದು ಪಕ್ಕಕ್ಕೆ ಎಳೆದುಕೊಂಡಿತು. ನಾಗಸ್ವರದ ತುದಿಯ ಪೀಪಿಯನ್ನು ಬಾಯಿಗಿಟ್ಟರೆ ಗಾಳಿ ಸಂದಿನಿಂದ ಸೋರಿ ಬರಿಯ ಬುಸ್ಸೆನ್ನುವ ಸದ್ದು ಬರುತ್ತಿತ್ತು. ಮೂರು ತಿಂಗಳು ಮಾವಿನ ತೋಪಿಗೆ ಹೋಗಿ ಒಬ್ಬನೇ ಪ್ರಯತ್ನಿಸಿದ. ಕೊನೆಗೆ ಒಂದು ದಿನ ನಾಗಸ್ವರವನ್ನು ಬಟ್ಟೆಯಲ್ಲಿ ಸುತ್ತಿ ಅಟ್ಟದ ಮೇಲಿಟ್ಟ. ಹೆಂಡತಿ ಮುತ್ಯಾಲಮ್ಮ ಕೆಳಗಿನಿಂದ ಏಣಿ ಹಿಡಿದು ನಿಂತಿದ್ದಳು.

ಅವನ ಜಾಗಕ್ಕೆ ದಾಯಾದಿ ತಮ್ಮ ರಾಮಚಂದ್ರಪ್ಪ ಬಂದ. ಅವನದು ಗಟ್ಟಿ ಉಸಿರು, ಒರಟು ಕೈ.

"ಅಣ್ಣಾ, ಸುಮ್ನೆ ಮನೇಲಿ ಯಾಕೆ ಕೂತಿರ್ತೀಯ? ನಮ್ಮ ಜೊತೆ ಬಂದು ತಾಳ ಹಾಕು. ಊಟ ತಿಂಡಿ ಮಾನವಾಗಿ ನಡೆಯುತ್ತೆ" ಎಂದ ಒಂದು ಸಲ, ಹತ್ತು ಜನರ ಎದುರಿಗೆ.

ಆ ಮಾತು ಗಂಗುಲಪ್ಪನ ಎದೆಯಲ್ಲಿ ಮುಳ್ಳಿನಂತೆ ಕೂತಿತು. ತಾನು ಕಲಿಸಿದ ಸ್ವರಗಳನ್ನೇ ಊದುವವನ ಪಕ್ಕದಲ್ಲಿ ತಾಳ ಕುಟ್ಟುವುದೆಂದರೆ ಸತ್ತಂತೆಯೇ ಎಂದುಕೊಂಡ.

ಮರುವರ್ಷ ಕೋಲಾರದಿಂದ ಕರೆ ಬಂತು. ಅಲ್ಲಿ ಕೆಲವು ವರ್ತಕರು ಸೇರಿ ಅನಾಥ ಹುಡುಗರ ಆಶ್ರಮವೊಂದನ್ನು ನಡೆಸುತ್ತಿದ್ದರು. ಪ್ಲೇಗು ಕಾಲರಾಗಳಲ್ಲಿ ಅಪ್ಪ ಅಮ್ಮನನ್ನು ಕಳೆದುಕೊಂಡವರು, ಸಂತೆಯಲ್ಲಿ ಬಿಟ್ಟುಹೋದವರು, ರೈಲು ನಿಲ್ದಾಣದಲ್ಲಿ ಕಳ್ಳತನ ಮಾಡಿ ಸಿಕ್ಕಿಬಿದ್ದವರು, ಹೀಗೆ ಮೂವತ್ತು ಹುಡುಗರು. ನೋಡಿಕೊಳ್ಳುತ್ತಿದ್ದ ಮ್ಯಾನೇಜರು ಶ್ರೀರಾಮಪ್ಪ ಕೆಟ್ಟವನೇನಲ್ಲ. ಮೂವತ್ತು ಹೊಟ್ಟೆ ತುಂಬಿಸುವ ಚಿಂತೆಯಲ್ಲಿ ಮನಸ್ಸು ಬತ್ತಿಹೋದವನು.

"ನೋಡಪ್ಪಾ, ಹುಡುಗರು ಸುಮ್ನೆ ಚಂದಾ ಡಬ್ಬಿ ಹಿಡ್ಕೊಂಡು ಹೋದ್ರೆ ಜನ ಬಾಗಿಲು ಹಾಕ್ಕೋತಾರೆ. ಓಲಗ ಊದ್ಕೊಂಡು ಹೋದ್ರೆ ಹೊರಗೆ ಬಂದು ನೋಡ್ತಾರೆ. ಮೂರು ತಿಂಗಳಲ್ಲಿ ನಾಲ್ಕು ಹಾಡು ಕಲಿಸ್ಕೊಡು, ಸಾಕು."

"ಮೂರು ತಿಂಗಳಲ್ಲಿ ಉಸಿರು ಹಿಡಿಯೋದೂ ಬರಲ್ಲ ಸ್ವಾಮಿ. ಒಂದು ವರ್ಷ ಕೊಡಿ" ಎಂದ ಗಂಗುಲಪ್ಪ.

"ಆರು ತಿಂಗಳು. ಅಷ್ಟರ ಮೇಲೆ ನನ್ನ ಕೈಲಿಲ್ಲ" ಎಂದ ಶ್ರೀರಾಮಪ್ಪ.

ಸುದ್ದಿ ಊರಿಗೆ ಮುಟ್ಟುತ್ತಲೇ ಕುಲದವರು ಸೇರಿದರು. ಯಾರ ಹೊಟ್ಟೆಯಲ್ಲಿ ಹುಟ್ಟಿದವರೋ ಗೊತ್ತಿಲ್ಲದ ಹುಡುಗರ ಬಾಯಿಗೆ ನಾಗಸ್ವರ ಕೊಡುವುದೇ? ವಿದ್ಯೆ ನಮ್ಮ ಮನೆಗಳಲ್ಲೇ ಇರಬೇಕು ಎಂದರು.

"ನಮ್ಮನೇಲಿ ಯಾರಿದ್ದಾರೆ ಹೇಳಿ, ಅವರಿಗೇ ಕಲಿಸ್ತೀನಿ" ಎಂದ ಗಂಗುಲಪ್ಪ. ಅವನ ಇಬ್ಬರು ಮಕ್ಕಳಲ್ಲಿ ಒಂದು ಹುಟ್ಟುತ್ತಲೇ ಹೋಗಿತ್ತು, ಇನ್ನೊಂದು ಒಂಬತ್ತು ವರ್ಷಕ್ಕೆ ಕಾಲರಾದಲ್ಲಿ. ಕುಲದವರು ಎದ್ದುಹೋದರು. ಅಂದಿನಿಂದ ಅವರ ಮನೆಗಳ ಮದುವೆ ಮುಂಜಿಗೆ ಅವನಿಗೆ ಕರೆ ನಿಂತುಹೋಯಿತು.

ಆಶ್ರಮದ ಹಿಂದಿನ ತಗಡಿನ ಶೆಡ್ಡಿನಲ್ಲಿ ಪಾಠ ಶುರುವಾಯಿತು. ಕಲಿಯಲು ಬಂದ ಹತ್ತು ಹುಡುಗರಲ್ಲಿ ಏಳು ಮಂದಿ ತಿಂಗಳೊಳಗೆ ಬಿಟ್ಟರು. ಉಳಿದವರು ಮೂವರು.

ಕದಿರೇಶನಿಗೆ ಹದಿಮೂರು. ಮಾಲೂರು ನಿಲ್ದಾಣದಲ್ಲಿ ಮಲಗಿದ್ದ ಪ್ರಯಾಣಿಕನೊಬ್ಬನ ಗಂಟು ಕತ್ತರಿಸುವಾಗ ಪೊಲೀಸರ ಕೈಗೆ ಸಿಕ್ಕವನು. ಮೊದಲ ದಿನವೇ ಗಂಗುಲಪ್ಪನ ಚೀಲದಿಂದ ಆರು ಪೀಪಿಗಳನ್ನು ಕದ್ದ. ಎರಡು ದಿನ ಪೇಟೆಯಲ್ಲೆಲ್ಲ ಸುತ್ತಿ ವಾಪಸು ತಂದುಕೊಟ್ಟ.

"ಇದನ್ನ ಯಾರೂ ಕೊಳ್ಳಲ್ಲ ಮೇಷ್ಟ್ರೇ" ಎಂದ ಬೇಸರದಿಂದ.

ಗಂಗುಲಪ್ಪ ಅಪಘಾತವಾದ ಮೇಲೆ ಮೊದಲ ಸಲ ನಕ್ಕದ್ದು ಆವತ್ತು.

ದೊಡ್ಡವೆಂಕಟ ಎಂಬವನು ಮಾತಾಡುತ್ತಿರಲಿಲ್ಲ. ಪ್ಲೇಗಿನ ಕಾಲದಲ್ಲಿ ಊರ ಹೊರಗೆ ಹಾಕಿದ್ದ ಗುಡಿಸಲೊಂದರಲ್ಲಿ, ಸತ್ತು ಎರಡು ದಿನವಾಗಿದ್ದ ತಾಯಿಯ ಪಕ್ಕದಲ್ಲಿ ಕೂತಿದ್ದವನನ್ನು ಎತ್ತಿ ತಂದಿದ್ದರಂತೆ. ಮೂಗನೆಂದೇ ಎಲ್ಲರೂ ತಿಳಿದಿದ್ದರು. ಅವನ ಮುಂದೆ ಡೋಲಿಟ್ಟು ಗಂಗುಲಪ್ಪ ಬಾಯಲ್ಲಿ ಸೊಲ್ಲು ಹೇಳುತ್ತಿದ್ದ, ಹುಡುಗ ಕೈಯಲ್ಲಿ ನುಡಿಸುತ್ತಿದ್ದ. ನಾಲ್ಕನೆಯ ತಿಂಗಳಲ್ಲಿ ಒಂದು ಬೆಳಿಗ್ಗೆ ಗಂಗುಲಪ್ಪ ಲೆಕ್ಕ ತಪ್ಪಿದ. ಹಿಂದಿನಿಂದ ಒರಟಾದ ಧ್ವನಿಯೊಂದು "ತಕಿಟ ತಕ ತಕಿಟ" ಎಂದು ತಿದ್ದಿತು. ಗಂಗುಲಪ್ಪ ತಿರುಗಿ ನೋಡಲಿಲ್ಲ. ನೋಡಿದರೆ ಹುಡುಗ ಮತ್ತೆ ಬಾಯಿ ಮುಚ್ಚಿಬಿಟ್ಟಾನೆಂದು ಹೆದರಿ, ಹಾಗೆಯೇ ಮುಂದಿನ ಸೊಲ್ಲು ಹೇಳಿದ.

ಮೂರನೆಯವನು ಅಪ್ಪಾಜಪ್ಪ, ಒಂಬತ್ತು ವರ್ಷದವನು. ಅವನು ಪೂರ್ತಿ ಅನಾಥನಲ್ಲ. ಹುತ್ತೂರಿನಲ್ಲಿ ರೇಷ್ಮೆ ಗೂಡು ಬೇಯಿಸಿ ನೂಲು ತೆಗೆಯುತ್ತಿದ್ದ ವಿಧವೆ ತಾಯಿ ಚಿಕ್ಕವೆಂಕಟಮ್ಮ, ಹೊಟ್ಟೆಗಿಲ್ಲದ ಒಂದು ವರ್ಷ ತಾನೇ ಕೈಹಿಡಿದು ತಂದು ಬಿಟ್ಟಿದ್ದಳು. "ಕಾಲ ಸರಿಹೋದ ಮೇಲೆ ಬಂದು ಕರ್ಕೊಂಡು ಹೋಗ್ತೀನಿ ಕಣೋ" ಅಂದಿದ್ದಳಂತೆ. ಹುಡುಗ ಅದನ್ನು ಎಲ್ಲರಿಗೂ ಹೇಳಿಕೊಂಡು ತಿರುಗುತ್ತಿದ್ದ. ಕಡ್ಡಿಯಂಥ ಮೈ, ಆದರೆ ಉಸಿರು ಮಾತ್ರ ಎಲ್ಲಿಂದ ಬರುತ್ತಿತ್ತೋ ದೇವರಿಗೇ ಗೊತ್ತು. ನಾಗಸ್ವರದ ಹಿಂದೆ ಶ್ರುತಿಗೆಂದು ಒಂದೇ ಸ್ವರವನ್ನು ಎಡೆಬಿಡದೆ ಹಿಡಿದಿರಬೇಕಾದ ಕೊಳವೆಯೊಂದಿದೆ, ಒತ್ತು ಎನ್ನುತ್ತಾರೆ. ಅದನ್ನು ಗಂಗುಲಪ್ಪ ಅಪ್ಪಾಜಪ್ಪನಿಗೆ ಕೊಟ್ಟ. ಮೂಗಿನಿಂದ ಎಳೆದು ಕೆನ್ನೆಯಿಂದ ಬಿಡುವ ಉಪಾಯವನ್ನು ಕೆರೆಯ ಅಂಚಿನಲ್ಲಿ ಕೂರಿಸಿ, ಹುಲ್ಲಿನ ಕೊಳವೆಯಿಂದ ನೀರಿನಲ್ಲಿ ಗುಳ್ಳೆ ಬಿಡಿಸಿ ಕಲಿಸಿದ.

ತಾನು ಊದಿ ತೋರಿಸುವಂತಿಲ್ಲದ ಗುರು ಹಾಡಿಯೇ ಕಲಿಸಬೇಕಾಗಿತ್ತು. ಹಲ್ಲಿಲ್ಲದ ಬಾಯಲ್ಲಿ ಸರಿಗಮದ ಸ ಎಂಬುದು ಶ ಎಂದು ಹೊರಡುತ್ತಿತ್ತು. ಹುಡುಗರು ಬಿದ್ದು ಬಿದ್ದು ನಗುತ್ತಿದ್ದರು. ನಗಲಿ ಎಂದು ಬಿಟ್ಟ. ಆಶ್ರಮದಲ್ಲಿ ಬೇರೆಲ್ಲೂ ಅವರು ನಗುತ್ತಿದ್ದುದನ್ನು ಅವನು ಕಂಡಿರಲಿಲ್ಲ. ಹಿಂದೆ ದಿನಕ್ಕೊಮ್ಮೆಯಾದರೂ ಬೆತ್ತದ ರುಚಿ ನೋಡುತ್ತಿದ್ದ ಕದಿರೇಶ ಈಗ ಬೆಳಗಿನ ಗಂಟೆಗೆ ಮೊದಲೇ ಎದ್ದು ಶೆಡ್ಡಿನ ಬಾಗಿಲಲ್ಲಿ ಕೂತಿರುತ್ತಿದ್ದ. ಆಶ್ರಮ ಕೊಡಿಸಿದ ನಾಗಸ್ವರದಲ್ಲಿ ಒಂದು ವರಸೆ ಸರಿಯಾಗಿ ಬರುವವರೆಗೆ ಊಟಕ್ಕೂ ಏಳುತ್ತಿರಲಿಲ್ಲ.

ಆರು ತಿಂಗಳಾಗುತ್ತಲೇ ಶ್ರೀರಾಮಪ್ಪ ಹುಡುಗರಿಗೆ ಕೆಂಪು ಅಂಗಿ ಹೊಲಿಸಿದ. ಮುಂದೆ ಡಬ್ಬಿ ಹಿಡಿದ ಇಬ್ಬರು, ಹಿಂದೆ ಓಲಗ. ವಾರಕ್ಕೆರಡು ದಿನ ಕೋಲಾರದ ಪೇಟೆ ಬೀದಿಗಳು, ಆಮೇಲಾಮೇಲೆ ಮುಳಬಾಗಿಲು, ಶ್ರೀನಿವಾಸಪುರ. ಅಂಗಡಿಯೆದುರು ಒಂದು ಪಲ್ಲವಿ, ಕಾಸು ಬಿದ್ದ ಕೂಡಲೇ ಮುಂದಿನ ಅಂಗಡಿ. ಯಾವ ಹಾಡೂ ಕೊನೆ ಮುಟ್ಟುತ್ತಿರಲಿಲ್ಲ. ಗಂಗುಲಪ್ಪ ತಲೆತಗ್ಗಿಸಿ ಹಿಂದೆ ನಡೆಯುತ್ತಿದ್ದ. ಹೀಗೆಯೇ ಎರಡು ವರ್ಷ ನಡೆಯಿತು.

ಮೂವತ್ತೇಳರ ಮಾರ್ಗಶಿರ ಮಾಸದಲ್ಲಿ ಮಾಲೂರಿಗೆ ಹೋಗುವುದೆಂದು ನಿಶ್ಚಯವಾಯಿತು. ಅಲ್ಲಿನ ವರ್ತಕರೊಬ್ಬರ ಮನೆಯಲ್ಲಿ ಮದುವೆ. ಬಂದ ಜನರೆದುರು ಹುಡುಗರು ನುಡಿಸಿದರೆ ಆಶ್ರಮಕ್ಕೆ ಒಳ್ಳೆಯ ದಾನ ಸಿಗುತ್ತದೆ ಎಂದಿದ್ದರು. ಮದುವೆಯ ಓಲಗದವನು ರಾಮಚಂದ್ರಪ್ಪ ಎಂದು ಗಂಗುಲಪ್ಪನಿಗೆ ಎರಡು ದಿನ ಮುಂಚೆ ತಿಳಿಯಿತು. ಆ ಎರಡು ದಿನ ಅವನು ಹುಡುಗರನ್ನು ಶೆಡ್ಡಿನಿಂದ ಕದಲಗೊಡಲಿಲ್ಲ.

ಹೊರಡುವ ಬೆಳಿಗ್ಗೆ ಅಪ್ಪಾಜಪ್ಪನ ಮೈ ಬಿಸಿಯಾಗಿತ್ತು. ಕೆಮ್ಮಿದರೆ ಪಕ್ಕೆ ಹಿಡಿದುಕೊಳ್ಳುತ್ತಿದ್ದ. ಶ್ರೀರಾಮಪ್ಪ ಬಂದು ಹಣೆ ಮುಟ್ಟಿ ನೋಡಿದ.

"ಜ್ವರ ಇದೆಯಲ್ಲಪ್ಪ. ಇವನನ್ನ ಬಿಟ್ಟು ಹೋಗೋಣ್ವಾ?"

ಹೌದೆನ್ನುವ ಒಂದು ಮಾತು ಸಾಕಾಗಿತ್ತು. ಆದರೆ ಒತ್ತು ಇಲ್ಲದ ನಾಗಸ್ವರವೆಂದರೆ ಗೋಡೆಯಿಲ್ಲದ ಸೂರು. ರಾಮಚಂದ್ರಪ್ಪನ ತುಟಿಯಂಚಿನ ನಗು ಗಂಗುಲಪ್ಪನ ಕಣ್ಣಿಗೆ ಕಟ್ಟಿತು. ಅವನು ಬಗ್ಗಿ ಹುಡುಗನನ್ನು ಕೇಳಿದ.

"ಊದ್ತೀಯೇನೋ ನಾಯನಾ?"

ಅಪ್ಪಾಜಪ್ಪ ತಲೆಯಾಡಿಸಿದ. ಗುರು ಕೇಳಿದ್ದಕ್ಕೆ ಎಂದೂ ಇಲ್ಲವೆಂದವನಲ್ಲ.

ಮಾಲೂರಿನ ಚಪ್ಪರದಲ್ಲಿ ಆ ದಿನ ಹುಡುಗರು ನುಡಿಸಿದಂತೆ ಮುಂದೆ ಎಂದೂ ನುಡಿಸಲಿಲ್ಲ. ಮೊದಲ ಬಾರಿಗೆ ಒಂದು ರಾಗವನ್ನು ಆರಂಭದಿಂದ ಕೊನೆಯವರೆಗೆ ಬಿಡಿಸಲು ಅವರಿಗೆ ಬಿಡುವು ಸಿಕ್ಕಿತ್ತು. ಕದಿರೇಶ ಕಣ್ಣು ಮುಚ್ಚಿದ್ದ. ವೇಗದಲ್ಲಿ ದೊಡ್ಡವೆಂಕಟನ ಬೆರಳುಗಳು ಕಾಣುತ್ತಿರಲಿಲ್ಲ. ಇಬ್ಬರ ಹಿಂದೆ ಆ ಒಂದು ಸ್ವರ ಎಲ್ಲಿಯೂ ನಡುಗದೆ, ಹರಿಯದೆ ನಿಂತಿತ್ತು. ಎಲೆಯಡಿಕೆ ಅಗಿಯುತ್ತಿದ್ದ ರಾಮಚಂದ್ರಪ್ಪನ ದವಡೆ ನಿಂತುಹೋದದ್ದನ್ನು ಗಂಗುಲಪ್ಪ ನೋಡಿದ. ತುಂಬಿ ಬಂದ ಎದೆಯಲ್ಲಿ ಅವನು ಬೇರೇನನ್ನೂ ನೋಡಲಿಲ್ಲ. ಮುಗಿದ ಮೇಲೆ ತಿರುಗಿ ನೋಡಿದರೆ ಅಪ್ಪಾಜಪ್ಪ ಕಂಬಕ್ಕೆ ಒರಗಿದ್ದ. ತುಟಿ ನೀಲಿಗಟ್ಟಿತ್ತು.

ಕೋಲಾರದ ಆಸ್ಪತ್ರೆಯಲ್ಲಿ ಹುಡುಗ ಐದು ದಿನ ಇದ್ದ. ಶ್ವಾಸಕೋಶಕ್ಕೆ ನಂಜೇರಿದೆ ಎಂದರು. ಉಸಿರಿಗಾಗಿ ಅವನ ಪಕ್ಕೆಲುಬುಗಳು ಏಳುವುದನ್ನೂ ಇಳಿಯುವುದನ್ನೂ ಗಂಗುಲಪ್ಪ ಮಂಚದ ಪಕ್ಕದಲ್ಲಿ ಕೂತು ನೋಡಿದ. ಮೂರನೆಯ ದಿನ ಹುಡುಗ, "ಮೇಷ್ಟ್ರೇ, ಮಧ್ಯದಲ್ಲಿ ಒಂದು ಸಲ ಬಿಟ್ಟುಹೋಯ್ತು. ಗೊತ್ತಾಯ್ತಾ?" ಎಂದು ಕೇಳಿದ.

"ಇಲ್ಲ ಕಣೋ. ಎಲ್ಲೂ ಬಿಡಲಿಲ್ಲ."

ಐದನೆಯ ದಿನ ಮಧ್ಯಾಹ್ನ ಹೋಗಿಬಿಟ್ಟ.

ಯುಗಾದಿಯ ಹೊತ್ತಿಗೆ ಚಿಕ್ಕವೆಂಕಟಮ್ಮ ಬಂದಳು. ಹೇಳಿದ ಮಾತಿನಂತೆ ಮಗನನ್ನು ಕರೆದೊಯ್ಯಲು, ತಲೆಯ ಮೇಲೊಂದು ಸಣ್ಣ ರಾಗಿ ಚೀಲ ಹೊತ್ತು ಬಂದಿದ್ದಳು. ಅದನ್ನು ಆಶ್ರಮಕ್ಕೆ ಕೊಡಬೇಕೆಂದಿದ್ದಳಂತೆ. ಓದು ಬರಹ ಬಾರದ ಅವಳಿಗೆ ಶ್ರೀರಾಮಪ್ಪ ಹಾಕಿಸಿದ ಕಾಗದ ತಲುಪಿರಲೇ ಇಲ್ಲ. ಗಂಗುಲಪ್ಪನೇ ಹೇಳಬೇಕಾಯಿತು. "ಜ್ವರ ಬಂದಿತ್ತು ತಾಯೀ" ಎಂದನೇ ಹೊರತು ಮಾಲೂರಿನ ಮಾತೆತ್ತಲಿಲ್ಲ. ಅವಳು ಅಂಗಳದಲ್ಲಿ ಕೂತು ಅತ್ತಳು. ರಾಗಿಯನ್ನು ಅಲ್ಲಿಯೇ ಬಿಟ್ಟು ಹೋದಳು.

ಮರುದಿನ ಗಂಗುಲಪ್ಪ ಶ್ರೀರಾಮಪ್ಪನ ಮುಂದೆ ನಿಂತು, "ಇನ್ನು ಈ ಹುಡುಗರು ಬೀದೀಲಿ ಊದಲ್ಲ. ಇಬ್ಬರನ್ನೂ ನನ್ನ ಜೊತೆ ಕಳಿಸಿಬಿಡಿ" ಎಂದ. ಶ್ರೀರಾಮಪ್ಪ ಒಂದು ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಂಡು ಕಳಿಸಿಕೊಟ್ಟ.

ಮುತ್ಯಾಲಮ್ಮ ಬಾಗಿಲಲ್ಲಿ ನಿಂತ ಇಬ್ಬರು ಹುಡುಗರನ್ನು ನೋಡಿದಳು. "ರಾಂಡಿ ನಾಯನಾ" ಎಂದು ತೆಲುಗಿನಲ್ಲಿ ಒಳಗೆ ಕರೆದು ಮುದ್ದೆಗೆ ಎಸರಿಟ್ಟಳು. ಊರು ಅಷ್ಟು ಸುಲಭವಾಗಿ ಒಳಗೆ ಕರೆಯಲಿಲ್ಲ. ಕುಲದವರು ಒಂದೇ ಪಂಕ್ತಿಯಲ್ಲಿ ಕೂರಿಸಲಿಲ್ಲ. ರಾಮಚಂದ್ರಪ್ಪ ಸುತ್ತಿನ ಹಳ್ಳಿಗಳಿಗೆಲ್ಲ, ಆ ಹುಡುಗರ ಓಲಗ ಅಪಶಕುನ, ಅದು ಹೆಣ ತಿಂದ ಓಲಗ ಎಂದು ಹೇಳಿಸಿದ. ಗಂಗುಲಪ್ಪ ಅಟ್ಟದಿಂದ ನಾಗಸ್ವರ ಇಳಿಸಿ ಕದಿರೇಶನಿಗೆ ಕೊಟ್ಟ. ಮಾವಿನ ತೋಟಗಳಲ್ಲಿ ಕೂಲಿ ಮಾಡಿ, ಸಂಜೆಯಾದರೆ ಮೂವರೂ ಕೂತು ಸಾಧನೆ ಮಾಡಿದರು. ಕೇಳುವವರಿಲ್ಲದೆ ಎರಡು ವರ್ಷ.

ನಲವತ್ತರ ಬೇಸಿಗೆಯಲ್ಲಿ ತಾಯಲೂರಿನಿಂದ ಅಕ್ಕಯಮ್ಮ ಎಂಬ ಹೆಂಗಸು ಹುಡುಕಿಕೊಂಡು ಬಂದಳು. ಊರಾಚೆಯ ಕೇರಿಯವಳು. ಜಗಲಿಯಿಂದ ದೂರವೇ ನಿಂತಳು.

"ಸ್ವಾಮೀ, ನನ್ನ ಮಗಳ ಮದುವೆ. ನಮ್ಮ ಕೇರಿಗೆ ಓಲಗದೋರು ಯಾರೂ ಕಾಲಿಡಲ್ಲ. ತಮಟೆ ನಮ್ಮೋರೇ ಬಾರಿಸ್ತಾರೆ. ಆದ್ರೆ ಮಗಳಿಗೆ ಓಲಗದಲ್ಲೇ ತಾಳಿ ಕಟ್ಟಿಸ್ಬೇಕು ಅಂತ ಆಸೆ."

ಗಂಗುಲಪ್ಪ ಹುಡುಗರ ಮುಖ ನೋಡಿದ. ಕೇರಿಗೆ ಹೋದರೆ ದೊಡ್ಡ ಮನೆಗಳ ಬಾಗಿಲು ಎಂದೆಂದಿಗೂ ಮುಚ್ಚಿದಂತೆಯೇ ಎಂದ.

"ಅವು ಯಾವತ್ತು ತೆರೆದಿದ್ವು ಮೇಷ್ಟ್ರೇ?" ಎಂದ ಕದಿರೇಶ.

ಹೋದರು. ಸಗಣಿ ಸಾರಿಸಿದ ಅಂಗಳದಲ್ಲಿ ಹೊಂಗೆಯ ಚಪ್ಪರ. ಕೇರಿಯ ಮುದುಕರು ನಾಗಸ್ವರವನ್ನು ಅಷ್ಟು ಹತ್ತಿರದಿಂದ ಎಂದೂ ಕಂಡಿರಲಿಲ್ಲ. ಊರೊಳಗಿನ ಮದುವೆಗಳಲ್ಲಿ ಬೇಲಿಯಾಚೆ ನಿಂತು ಕೇಳಿದ್ದಷ್ಟೇ. ಗಟ್ಟಿಮೇಳ ಎದ್ದಾಗ ಅಕ್ಕಯಮ್ಮ ಸೆರಗನ್ನು ಬಾಯಿಗೆ ಒತ್ತಿ ಹಿಡಿದು ನಿಂತಳು. ಒತ್ತು ಹಿಡಿಯುವ ಹುಡುಗನಿರಲಿಲ್ಲ. ಗಂಗುಲಪ್ಪ ತಾನೇ ಬಾಯಲ್ಲಿ ಶ್ರುತಿ ಹಾಡಿದ.

ವಾಪಸಾಗುವಾಗ ಕತ್ತಾಳೆ ಮೆಳೆಯ ಹತ್ತಿರ ನಾಲ್ಕು ಜನ ಅಡ್ಡಗಟ್ಟಿದರು. ಡೋಲಿನ ಚರ್ಮವನ್ನು ಎರಡೂ ಕಡೆ ಸೀಳಿದರು. ದೊಡ್ಡವೆಂಕಟನ ಬಲಗೈಯ ಎರಡು ಬೆರಳು ಮುರಿದರು. ಯಾರ ಕಡೆಯವರೆಂದು ಎಲ್ಲರಿಗೂ ಗೊತ್ತಿತ್ತು, ಯಾರೂ ಸಾಕ್ಷಿ ಹೇಳಲಿಲ್ಲ. ಬೆರಳು ಕೂಡಿಕೊಂಡವು, ಆದರೆ ಮೊದಲಿನ ಚುರುಕು ಬರಲಿಲ್ಲ. ಅವನು ಎಡಗೈಯನ್ನು ಹೊಸದಾಗಿ ಪಳಗಿಸಿಕೊಂಡ. ಚರ್ಮವನ್ನು ಅಕ್ಕಯಮ್ಮನ ಕೇರಿಯವರೇ ಹೊಸದಾಗಿ ಹದಮಾಡಿ ಹೊಚ್ಚಿಕೊಟ್ಟರು. ಆಮೇಲೆ ಮುಳಬಾಗಿಲು, ಶ್ರೀನಿವಾಸಪುರ ಎರಡೂ ತಾಲ್ಲೂಕಿನ ಕೇರಿಗಳಿಂದ ಕರೆ ಬರತೊಡಗಿತು.

ಕದಿರೇಶನ ಎದೆಯಲ್ಲಿ ಮಾತ್ರ ಆ ಬೆರಳು ಮುರಿದ ಸದ್ದು ಉಳಿದುಬಿಟ್ಟಿತು. ಒಂದು ಸಲ ಸೊಂಟದಲ್ಲಿ ಚೂರಿ ಸಿಕ್ಕಿಸಿಕೊಂಡು ಹೊರಟವನನ್ನು ಮುತ್ಯಾಲಮ್ಮ ಕಾಲು ಹಿಡಿದು ನಿಲ್ಲಿಸಿದಳು. "ಇಲ್ಲೇ ಇದ್ರೆ ಒಂದಲ್ಲ ಒಂದು ದಿನ ಆ ರಾಮಚಂದ್ರಪ್ಪನ್ನ ಕೊಲ್ತೀನಮ್ಮಾ" ಎಂದು ಅಳುತ್ತ ನಲವತ್ತೆರಡರಲ್ಲಿ ಬೆಂಗಳೂರಿಗೆ ಹೋಗಿ ಸೈನ್ಯ ಸೇರಿದ. ಬ್ಯಾಂಡಿಗೆ ಊದುವವರು ಬೇಕಾಗಿತ್ತು. ಕ್ಲಾರಿಯೋನೆಟ್ಟನ್ನು ಕೈಗೆ ಕೊಟ್ಟು ನೋಡಿದವರು ಆ ದಿನವೇ ಅವನನ್ನು ಸೇರಿಸಿಕೊಂಡರು. ಬರ್ಮಾದ ಗಡಿಯಿಂದ ವರ್ಷಕ್ಕೆ ಒಂದೆರಡು ಕಾರ್ಡು ಬರುತ್ತಿದ್ದವು. ಯುದ್ಧ ಬಿರುಸಾದಾಗ ಬ್ಯಾಂಡಿನವರಿಗೆ ವಾದ್ಯ ಇಳಿಸಿ ಸ್ಟ್ರೆಚರು ಹೊರಲು ಹೇಳಿದರಂತೆ.

ನಲವತ್ತಾರರ ಕಾರ್ತಿಕದಲ್ಲಿ ಅವನು ಬಂದ. ಮೈ ಗಟ್ಟಿಯಾಗಿತ್ತು. ಒಂದು ಕಿವಿ ಪೂರ್ತಿ ಕೇಳಿಸುತ್ತಿರಲಿಲ್ಲ. ಬೆಂಗಳೂರಿನ ಒಂದು ಬ್ಯಾಂಡಿನಲ್ಲಿ ಕೆಲಸ ಸಿಕ್ಕಿದೆ ಎಂದ. ದೊಡ್ಡವೆಂಕಟ ಅಷ್ಟು ಹೊತ್ತಿಗೆ ತಾಯಲೂರಿನ ಕೇರಿಯ ಐದು ಹುಡುಗರಿಗೆ ಡೋಲು, ಸಣ್ಣ ನಾಗಸ್ವರದಂಥ ಮುಖವೀಣೆ ಕಲಿಸುತ್ತಿದ್ದ. ಮಾತು ಆಗಲೂ ಕಡಮೆಯೇ, ಪಾಠ ಹೇಳುವಾಗ ಮಾತ್ರ ನಿಲ್ಲುತ್ತಿರಲಿಲ್ಲ.

ಮಧ್ಯಾಹ್ನ ಊಟವಾದ ಮೇಲೆ ಜಗಲಿಯಲ್ಲಿ ಕೂತಿದ್ದಾಗ ಕದಿರೇಶ, "ಅಪ್ಪಾಜಪ್ಪ ಇದ್ದಿದ್ರೆ ಈಗ ಇಪ್ಪತ್ತು ಆಗಿರೋದು" ಎಂದ.

ಗಂಗುಲಪ್ಪ ಅವನ ಕೇಳುವ ಕಿವಿಯ ಕಡೆಗೆ ಸರಿದು ಕೂತ.

"ಅವನನ್ನ ಬಿಟ್ಟು ಹೋಗೋಣ ಅಂತ ಶ್ರೀರಾಮಪ್ಪ ಕೇಳಿದ್ರು ಕಣೋ. ನಾನೇ ಕರ್ಕೊಂಡು ಹೋದೆ. ರಾಮಚಂದ್ರಪ್ಪನಿಗೆ ಕೇಳಿಸ್ಬೇಕಿತ್ತು."

"ಗೊತ್ತಿತ್ತು ಮೇಷ್ಟ್ರೇ. ಅಲ್ಲೇ ನಿಂತಿದ್ನಲ್ಲ ನಾನು. ಚಪ್ಪರದಲ್ಲೂ ಅವನು ಕೂತಿದ್ದ ಕಡೆಗೇ ನಮ್ಮನ್ನ ತಿರುಗಿಸಿ ಕೂರಿಸಿದ್ರಿ."

"ಗೊತ್ತಿದ್ದೂ ನನ್ನ ಹಿಂದೆ ಬಂದ್ಯಾ?"

"ಬೇರೆ ಯಾರ ಹಿಂದೆ ಹೋಗ್ಲಿ? ನಂಗೆ ಅನ್ನ ಹಾಕಿದೋರು ಇದ್ರು, ಹೊಡೆದೋರು ಇದ್ರು. ತಪ್ಪಾಯ್ತು, ಇನ್ನೊಂದು ಸಲ ಊದು ಅಂದೋರು ನೀವೊಬ್ರೇ." ಕದಿರೇಶ ಮತ್ತೆ ಹೇಳಿದ: "ಕ್ಷಮಿಸೋಕೆ ನಾನ್ಯಾರು ಮೇಷ್ಟ್ರೇ. ಅದು ಅವರಮ್ಮನ ಮಾತು."

ಆ ವಾರವೇ ಗಂಗುಲಪ್ಪ ಹುತ್ತೂರಿಗೆ ಹೋದ. ಚಿಕ್ಕವೆಂಕಟಮ್ಮ ಕುದಿಯುವ ನೀರಿನ ಬಾನಿಯ ಮುಂದೆ ಕೂತು ಗೂಡಿನಿಂದ ಎಳೆ ತೆಗೆಯುತ್ತಿದ್ದಳು. ಬೆರಳುಗಳ ಚರ್ಮ ಬೆಂದು ಬೆಳ್ಳಗಾಗಿತ್ತು. ಅವನು ನಿಂತೇ ಎಲ್ಲವನ್ನೂ ಹೇಳಿದ. ಅವಳು ಎಳೆಯನ್ನು ಬಿಡಲಿಲ್ಲ.

"ಇದನ್ನ ಹೇಳೋಕೆ ಇಷ್ಟು ವರ್ಷ ಬೇಕಾಯ್ತಾ?" ಎಂದಳು.

ಮುಗಿದ ಗೂಡನ್ನು ಬದಿಗೆ ಹಾಕಿ ಇನ್ನೊಂದನ್ನು ಎತ್ತಿಕೊಂಡಳು.

"ಏನು ಊದ್ತಿದ್ದ ಅವನು? ನಾನು ಕೇಳಿಲ್ಲ."

ಅವನು ಸೊಟ್ಟ ತುಟಿಗಳನ್ನು ಕೂಡಿಸಿ, ಗಂಟಲಿನಿಂದ ಆ ಒಂದೇ ಸ್ವರವನ್ನು ಉಸಿರಿರುವಷ್ಟು ಹೊತ್ತು ಹಿಡಿದ.

"ಅಷ್ಟೇನಾ?"

"ಅಷ್ಟೇ ತಾಯೀ. ಅದಿಲ್ದೆ ಇದ್ರೆ ಮಿಕ್ಕಿದ್ದು ನಿಲ್ಲಲ್ಲ."

ಚಿಕ್ಕವೆಂಕಟಮ್ಮ ಬಾನಿಯ ಕೆಳಗೆ ಸೌದೆ ಒಡ್ಡಿದಳು. ಅವನಿಗೆ ಕೂರು ಎನ್ನಲಿಲ್ಲ, ಹೋಗು ಎಂದೂ ಅನ್ನಲಿಲ್ಲ. ಸಂಜೆಯ ಬಸ್ಸು ಬರುವವರೆಗೂ ಗಂಗುಲಪ್ಪ ಅವಳ ಜಗಲಿಯ ತುದಿಯಲ್ಲಿ ಕೂತಿದ್ದ.